ನೀನಿದ್ದೀ

ತಂಗಿ ಅಂಗಳದಲ್ಲಿ ಗಾರೆ ಕಲೆಸುತ್ತಿದ್ದಳು. ಅಕ್ಕನ ಕೋಣೆಯ ಬಾಗಿಲಿಗೆ ಗೋಡೆ ಎಬ್ಬಿಸಲು ಅದು ಬೇಕಿತ್ತು.

ಆ ಬೆಟ್ಟದ ಮಠದ ಸಿದ್ಧಾಂತ ಒಂದೇ: ಇನ್ನೊಬ್ಬರು ಕಂಡು ಹೇಳಿದರೆ ಮಾತ್ರ ಮನುಷ್ಯ ಇದ್ದಾನೆ. ದಿನಾ ಬೆಳಿಗ್ಗೆ ಪ್ರತಿಯೊಬ್ಬರಿಗೂ ಯಾರಾದರೊಬ್ಬರು ‘ನೀನಿದ್ದೀ’ ಎನ್ನಬೇಕು. ಮೂರು ಬೆಳಗು ಆ ಮಾತು ಸಿಗದವರು ಇಲ್ಲವೆಂದೇ ಅರ್ಥ. ಅವರು ಒಳಗಿದ್ದಂತೆಯೇ ಕೋಣೆಗೆ ಕಲ್ಲು ಕಟ್ಟುತ್ತಿದ್ದರು. ಗುರುಗಳಿಗೆ ಎದುರಾಡಿದ ಅಕ್ಕನಿಗೆ ಅದು ಮೂರನೆಯ ಬೆಳಗು.

ತಂಗಿ ಕೈ ಒರೆಸಿಕೊಂಡು ಒಳಗೆ ಬಂದಳು. “ಎಲ್ಲರೆದುರಿಗೆ ನಾನು ಹೇಳ್ತೀನಕ್ಕಾ.”

“ನೀನಾ?” ಅಕ್ಕ ನಕ್ಕಳು. “ಊಟದ ಪಂಕ್ತೀಲಿ ಉಪ್ಪು ಕೇಳೋಕೂ ನನ್ನ ತಿವೀತಿದ್ದೆಯಲ್ಲೇ! ಈ ಮಠದಲ್ಲಿ ನಿನ್ನ ಜೊತೆ ಮಾತಾಡೋಳು ನಾನೊಬ್ಬಳೇ. ಬಾ, ಇವತ್ತಿಂದೂ ಹೇಳಿಬಿಡ್ತೀನಿ. ನೀನಿದ್ದೀ ಕಣೇ.”

ಗುರುಗಳು ಬಂದರು. ಶಿಷ್ಯರು ಕಲ್ಲು ಹೊತ್ತು ಹಿಂದೆ ನಿಂತರು. ತಂಗಿ ಅಕ್ಕನ ಕೈ ಹಿಡಿದು, ಹುಟ್ಟಿದಾರಭ್ಯ ಎತ್ತದಿದ್ದ ದನಿ ಎತ್ತಿದಳು: “ಅಕ್ಕಾ, ನೀನಿದ್ದೀ!”

ಗುರುಗಳು ಅವಳತ್ತ ನೋಡಲಿಲ್ಲ. ಶಿಷ್ಯರನ್ನು ಕೇಳಿದರು: “ಇವಳ ತಂಗಿಗೆ ಈ ಮೂರು ದಿನ ಹೇಳಿದವರು ಯಾರು?”

“ಅವಳಕ್ಕನೇ, ಬುದ್ಧೀ. ನಾವ್ಯಾರೂ ಅಲ್ಲ.”

“ಇಲ್ಲದವಳು ಹೇಳಿದ್ದು ಮಾತೇನ್ರಪ್ಪಾ? ಹಾಗಾದರೆ ಕೋಣೆ ಖಾಲಿ. ಕಟ್ಟಿ.”

ಕಲ್ಲು ಎದೆಮಟ್ಟ ಬಂದಾಗ ತಂಗಿ ಹೊರಗಿನವರನ್ನು ಒಬ್ಬೊಬ್ಬರನ್ನಾಗಿ ನೋಡಿ, ಮತ್ತೆ ಮತ್ತೆ ಒಂದೇ ಮಾತು ಕೇಳಿದಳು: “ನನಗೆ ಒಬ್ಬರು ಹೇಳಿ, ಸಾಕು. ಅಕ್ಕನಿಗೆ ನಾನು ಹೇಳ್ಕೋತೀನಿ.”