ಎಷ್ಟು ದಿನದಿಂದ

ದಿಲ್ಲಿ ಬಳಿಯ ಇಂದಿರಾಪುರಂನ ಪ್ರಾಣಿಗಳ ಕ್ಲಿನಿಕ್ಕಿನಲ್ಲಿ ಡಾಕ್ಟರು ಮಖಾನಾ ಎಂಬ ಸಾಕುಮೊಲದ ಬಾಯಗಲಿಸಿ ಟಾರ್ಚ್ ಹಿಡಿದಾಗ ಅನೂಪ್ ಬಗ್ಗಿ ನೋಡಿದ. ಮಖಾನಾದ ದವಡೆಹಲ್ಲುಗಳು ಮುಳ್ಳಿನಂತೆ ಬೆಳೆದು ನಾಲಿಗೆಯನ್ನು ಕೊರೆದಿದ್ದವು. ಗದ್ದದ ಬಿಳಿ ಕೂದಲು ಜೊಲ್ಲಿಗೆ ಅಂಟಿಕೊಂಡಿತ್ತು.

"ಸರಿಯಾಗಿ ತಿನ್ನದೆ ಎಷ್ಟು ದಿನವಾಯ್ತು?" ಡಾಕ್ಟರು ಹಿಂದಿಯಲ್ಲಿ ಕೇಳಿದರು.

"ಎರಡು ದಿನ," ಎಂದ ಅನೂಪ್.

ಹತ್ತು ವರ್ಷದ ಮಗಳು ಹಂಸಾ ಅವನನ್ನೇ ನೋಡಿದಳು. "ಪಪ್ಪಾ, ಮಖಾನಾ ಹುಲ್ಲು ಅಗಿದು ಉಗುಳ್ತಿದೆ, ಅದಕ್ಕೆ ದರ್ದ್ ಆಗ್ತಿದೆ" ಎಂದು ಅವಳು ಮೂರು ವಾರದಿಂದ ಹೇಳುತ್ತಲೇ ಇದ್ದಳು. "ಹಸಿವಾದ್ರೆ ತಾನೇ ತಿನ್ನುತ್ತೆ. ಚಲೋ, ಹೋಂವರ್ಕ್ ಮಾಡು" ಎಂದು ಅವನು ಲ್ಯಾಪ್‌ಟಾಪಿನಿಂದ ತಲೆಯೆತ್ತದೆ ಹೇಳುತ್ತಿದ್ದ.

"ಮೊದಲೇ ತಂದಿದ್ದರೆ ಹಲ್ಲು ಕತ್ತರಿಸಿ ಸಮ ಮಾಡಬಹುದಿತ್ತು. ಈಗ ಇಷ್ಟು ಸೊರಗಿರುವಾಗ ಅರಿವಳಿಕೆ ಕೊಟ್ಟರೆ ಮತ್ತೆ ಏಳುವುದು ಕಷ್ಟ," ಎಂದರು ಡಾಕ್ಟರು. "ನಿಜವಾಗಿ ಎರಡೇ ದಿನವಾ?"

ಅನೂಪ್ ಮಗಳ ಹೆಗಲ ಮೇಲೆ ಕೈಯಿಟ್ಟ. ಅವಳು ಆ ಕೈಯನ್ನು ತೆಗೆದು ಮೇಜಿನ ಹತ್ತಿರ ಹೋದಳು.

"ನನ್ನನ್ನ ಕೇಳಿ, ಅಂಕಲ್. ಪಪ್ಪನಿಗೆ ಗೊತ್ತಿಲ್ಲ."