ಸನ್ನೆ ಬಲ್ಲವರು

ಆರೋಪಿ ಹುಟ್ಟುಕಿವುಡ, ಮಾತೂ ಬಾರದು. ಮನೆಯೊಡತಿಯನ್ನು ಕೊಂದ ಮಚ್ಚನ್ನು ಎಲ್ಲಿ ಬಚ್ಚಿಟ್ಟಿದ್ದಾನೆಂದು ಅವನೇ ಠಾಣೆಯಲ್ಲಿ ಸನ್ನೆ ಮಾಡಿ ತಿಳಿಸಿದನಂತೆ. ಆ ಸನ್ನೆಯನ್ನು ಪೊಲೀಸರಿಗೆ ಕನ್ನಡದಲ್ಲಿ ಹೇಳಿದ ದುಭಾಷಿ ಈಗ ಸಾಕ್ಷಿ ನುಡಿಯುತ್ತಿದ್ದ. ಆರೋಪಿಯನ್ನು ಸಾಯುವವರೆಗೆ ಜೈಲಿನಲ್ಲಿಡಲು ಬೇರೆ ಸಾಕ್ಷ್ಯವೇನೂ ಇರಲಿಲ್ಲ.

ಕಟಕಟೆಯಿಂದ ಆರೋಪಿ ದುಭಾಷಿಯತ್ತ ಕೈಯಾಡಿಸುತ್ತಲೇ ಇದ್ದ. ದುಭಾಷಿ ತನ್ನ ಇಸ್ತ್ರಿ ಅಂಗಿಯ ತೋಳು ಸರಿಮಾಡಿಕೊಂಡ.

"ಅವನು ಈಗ ಏನು ಹೇಳ್ತಿದ್ದಾನೆ?" ಆರೋಪಿಯ ವಕೀಲೆ ಕೇಳಿದಳು.

"ಏನಿಲ್ಲ ಬಿಡಿ ಮೇಡಂ. ಎಮ್ಮೆ ಬಾಲ ಆಡಿಸಿದ ಹಾಗೆ ಸುಮ್ನೆ ಕೈ ಆಡಿಸ್ತಾನೆ. ಇಂಥ ಎಷ್ಟು ಮೂಗರನ್ನು ನೋಡಿಲ್ಲ ನಾನು."

"ಮಚ್ಚಿನ ವಿಷಯ ಮಾತ್ರ ಸರಿಯಾಗಿ ಹೇಳಿದನೇ?"

"ಎರಡೂ ಕೈಯಲ್ಲಿ ಅಗೆದು ತೋರಿಸಿದ ಮೇಡಂ. ಹಿತ್ತಲ ತಿಪ್ಪೆಯಲ್ಲಿ, ಇಷ್ಟು ಆಳದಲ್ಲಿ ಅಂತ. ನಾನು ಹೇಳ್ತಾ ಹೋದೆ, ಇನ್ಸ್‌ಪೆಕ್ಟರ್ ಸಾಹೇಬ್ರು ಬರಕೊಂಡ್ರು."

ಸರ್ಕಾರಿ ವಕೀಲರು ಆಕಳಿಸಿದರು. ವಕೀಲೆಯೂ ಕಾಗದ ಮಡಚಿಟ್ಟಳು.

"ಠಾಣೆಯಲ್ಲಿ ಅಂಥ ಕೊಲೆಗಾರನ ಎದುರಿಗೇ ಕೂತಿದ್ದಿರಿ. ನಿಮಗೆ ಭಯ ಆಗಲಿಲ್ವಾ?"

ದುಭಾಷಿ ನಕ್ಕ. ನ್ಯಾಯಾಧೀಶರೂ ನಗಬಹುದೆಂದು ಅವರ ಕಡೆ ನೋಡಿದ.

"ಭಯ ಯಾಕೆ ಮೇಡಂ? ನಾನು ಒಳಗೆ ಹೋದಾಗಿಂದ ಎದ್ದು ಬರೋವರೆಗೂ ಅವನ ಎರಡೂ ಕೈಗೆ ಬೆನ್ನ ಹಿಂದೆ ಬೇಡಿ ಹಾಕಿದ್ರು."