ತೆಗೆಯದೆ ಉಳಿದ ಮೈಕು

ಕಳೆ ಕೀಳುವ ಕಾಲ. ಹೊಲದ ಕೆಲಸ ಅರ್ಧಕ್ಕೆ ಬಿಟ್ಟು ಬಂದಿದ್ದ ಅಜ್ಜಿ, ಕಾರ್ಖಾನೆಯ ಬಣ್ಣದ ನೀರು ಕುಡಿದು ತನ್ನ ಹಸು ಸತ್ತದ್ದನ್ನು ಕ್ಯಾಮೆರಾದ ಮುಂದೆ ಹೇಳಿ ಮುಗಿಸಿ, ಕುಡುಗೋಲು ತರಲು ಒಳಗೆ ಹೋದಳು. ಅವಳ ಕೊರಳ ಬಳಿ ಸಿಕ್ಕಿಸಿದ್ದ ಮೈಕನ್ನು ತೆಗೆಯಲು ಸಾಕ್ಷ್ಯಚಿತ್ರದವಳು ಮರೆತಿದ್ದಳು. ಅಂಗಳದಲ್ಲಿ ನಿಂತಿದ್ದ ಅವಳ ಹೆಡ್‌ಫೋನಿನಲ್ಲಿ ಅಡುಗೆಮನೆಯ ಮಾತು ಸ್ಪಷ್ಟವಾಗಿ ಕೇಳಿಸಿತು.

“ಅತ್ತೆ, ಹಸು ಸತ್ತಿದ್ದು ಹಾವು ಕಚ್ಚಿ ಅಲ್ವಾ?” ಸೊಸೆಯ ದನಿ.

“ಹೌದು ಕಣೇ. ಆ ನೀರಿಂದ ನಿನ್ನ ಮೈಯೆಲ್ಲ ಹುಣ್ಣಾಗಿದೆ ಅಂತ ಹೋದ ಸಲ ಕ್ಯಾಮೆರಾ ಹಿಡ್ಕೊಂಡು ಬಂದಿದ್ದ ಬೇರೆಯೋರಿಗೆ ಹೇಳಿದ್ರೆ ಆಕಳಿಸ್ತಾ ಕೂತಿದ್ರು. ಈ ಹುಡುಗಿ ನೋಡು, ಹಸು ಅಂದ ತಕ್ಷಣ ಗಳಗಳಾಂತ ಅತ್ತುಬಿಡ್ತು.”

ಹುಣ್ಣು ನಿಜ, ಹಸುವಿನ ಕಥೆ ಸುಳ್ಳು. ಒಂದು ಸುಳ್ಳು ಸಿಕ್ಕರೆ ಸಾಕು, ಕಾರ್ಖಾನೆಯವರು ಎರಡು ವರ್ಷದ ಚಿತ್ರವನ್ನೇ ಸುಳ್ಳೆನ್ನುತ್ತಾರೆ. ಆದರೂ ಹಸುವಿನ ಕಥೆಯನ್ನು ಚಿತ್ರದಿಂದ ಕೈಬಿಡಲು ಸಾಕ್ಷ್ಯಚಿತ್ರದವಳಿಗೆ ಮನಸ್ಸು ಬರಲಿಲ್ಲ. ಹೆಡ್‌ಫೋನ್ ಕಳಚಬೇಕೋ, ಇನ್ನೂ ಕೇಳಬೇಕೋ ಅದೂ ತಿಳಿಯಲಿಲ್ಲ.

ಅಜ್ಜಿ ಹೊರಗೆ ಬಂದವಳೇ ಮೈಕು ಮುಟ್ಟಿ ನೋಡಿಕೊಂಡಳು. “ಒಳಗಿನ ಮಾತೂ ಕೇಳಿಸ್ತಾ, ತಾಯಿ?”

ಹುಡುಗಿ ತಲೆ ತಗ್ಗಿಸಿದಳು. ಅಜ್ಜಿ ನಾಚಿಕೊಳ್ಳಲಿಲ್ಲ, ಮೈಕು ಬಿಚ್ಚಿ ಅವಳ ಅಂಗೈಯಲ್ಲಿಟ್ಟಳು.

“ಬರೀ ನಿಜ ಸಾಕು ಅನ್ನೋದಾದ್ರೆ ಸೊಸೇನ ಕರೀತೀನಿ, ಹುಣ್ಣು ತೋರಿಸ್ತಾಳೆ. ಸಾಕಾ?”

ಸಾಕು ಎನ್ನಲು ಬಾಯಿ ತೆರೆದವಳಿಗೆ, ಸಾಕೋ ಸಾಲದೋ ಗೊತ್ತಾಗಲಿಲ್ಲ.